ಕಿತ್ತೂರ ವಾಡೆಯೂ ದೇಸಗತಿಯ ಮನೆತನವೂ

ಮುರಗೋಡದಿಂದ ಕಿತ್ತೂರಿಗೆ ಹೊರಟವರು ಬೈಲಹೊಂಗಲವನ್ನು ಹಾಯ್ದು ಹೋಗುವದು ವಾಡಿಕೆ. ಈ ದಾರಿಯನ್ನು ಹಿಡಿದವರಿಗೆ ಕಿತ್ತೂರ ಮನೆತನದ ಕಥೆಯ ಕೊನೆಯೇ ಮೊದಲು ಎದುರಾಗುವದು. ಏಕೆಂದರೆ 1829ನೆಯ ಇಸವಿಯಲ್ಲಿ ಸೆರೆಯಲ್ಲಿದ್ದಾಗಲೇ ದೇಹವಿಟ್ಟ ಚೆನ್ನಮ್ಮರಾಣಿಯ ಸಮಾಧಿಯು ಬೈಲಹೊಂಗಲದಲ್ಲಿದೆ. ಅಲ್ಲಿಂದ ಮುಂದೆ ಸಾಗಿ ಕಿತ್ತೂರ ಕೋಟೆಯೊಳಗೆ ಕಾಲಿಟ್ಟರೆ, ಆ ರಾಣಿಯು ಬಾಳಿದ ವಾಡೆಯ ಗೋಡೆಗಳು ಮಾಳಿಗೆಯಿಲ್ಲದೆ ಬಿಸಿಲುಮಳೆಗಳಿಗೆ ಮೈಯೊಡ್ಡಿ ನಿಂತಿರುವದು ಕಾಣುವದು.

ಕಿತ್ತೂರ ಕಾಳಗದ ಮಾತು ತಿಳಿಯದ ಮನೆಯು ಈ ಪ್ರಾಂತದಲ್ಲಿ ವಿರಳವೇ ಸರಿ. ಲಾವಣಿಕಾರರು ಅದನ್ನು ಹಾಡಿದ್ದಾರೆ. ನಾಟಕಕಾರರು ರಂಗಕ್ಕೆ ತಂದಿದ್ದಾರೆ. ಆದರೆ ತೋಪಿನ ಸದ್ದು ಕೇಳುವ ಮುನ್ನ ಆ ವಾಡೆಯ ಒಳಮನೆಯಲ್ಲಿ ಎದ್ದ ಪ್ರಶ್ನೆಯ ಕಡೆಗೆ ಲಕ್ಷ್ಯವು ಕಡಿಮೆ. ಸಂತಾನವಿಲ್ಲದೆ ಯಜಮಾನನು ತೀರಿಕೊಂಡರೆ ಆ ಮನೆಗೆ ಮಗನು ಯಾರು? ಅವನನ್ನು ಮಗನೆಂದು ಹೇಳುವ ಅಧಿಕಾರವು ಮನೆಯವರದೋ, ಹೊರಗಿನ ಸರಕಾರದ್ದೋ? ಮುರಗೋಡದ ಸುತ್ತಣ ಸೀಮೆಯಲ್ಲಿ ಒಂದು ನೂರು ವರುಷಗಳ ಒಳಗಾಗಿ ಮೂರು ದೊಡ್ಡ ಮನೆತನಗಳು ಈ ಪ್ರಶ್ನೆಯನ್ನು ಎದುರಿಸಿದವು. ಮೂರೂ ಬೇರೆ ಬೇರೆ ಉತ್ತರಗಳನ್ನು ಪಡೆದವು. ಅವುಗಳಲ್ಲಿ ಮೊದಲನೆಯದು ಕಿತ್ತೂರು.

ಕಿತ್ತೂರ ದೇಸಾಯರ ಮೂಲಪುರುಷರು ಹಿರೇಮಲ್ಲಶೆಟ್ಟಿ, ಚಿಕ್ಕಮಲ್ಲಶೆಟ್ಟಿ ಎಂಬ ಅಣ್ಣತಮ್ಮಂದಿರು. ವ್ಯಾಪಾರದ ಕುಲದಲ್ಲಿ ಹುಟ್ಟಿದರೂ ಇವರು ವಿಜಾಪುರದ ಆದಿಲಶಾಹಿಯ ಸೈನ್ಯದಲ್ಲಿ ಪರಾಕ್ರಮವನ್ನು ತೋರಿ, 1585ರ ಸುಮಾರಿಗೆ ಹುಬ್ಬಳ್ಳಿಯ ಸರದೇಶಮುಖಿಯನ್ನು ಸಂಪಾದಿಸಿದರು. ಮೊದಲು ಅವರ ಠಾಣೆಯು ಸಂಪಗಾವಿಯಲ್ಲಿ ಇದ್ದಿತು. ಐದನೆಯ ಒಡೆಯನಾದ ಅಲ್ಲಪ್ಪಗೌಡ ಸರದೇಸಾಯಿಯು ಹದಿನೇಳನೆಯ ಶತಮಾನದ ಉತ್ತರಾರ್ಧದಲ್ಲಿ ಅದನ್ನು ಕಿತ್ತೂರಿಗೆ ತಂದು, ಕೋಟೆಯನ್ನೂ ವಾಡೆಯನ್ನೂ ಕಟ್ಟಿಸಿದನು. ಮುಂದೆ ವಿಜಾಪುರವು ಮುಳುಗಿತು. ಮೊಗಲರು ಬಂದು ಹೋದರು. ಸವಣೂರ ನವಾಬರು, ಪುಣೆಯ ಪೇಶವೆಯವರು, ಶ್ರೀರಂಗಪಟ್ಟಣದ ಹೈದರ-ಟಿಪ್ಪುಗಳು ಒಬ್ಬರ ಹಿಂದೊಬ್ಬರು ಈ ಸೀಮೆಯ ಮೇಲೆ ಕೈಚಾಚಿದರು. ಆಳುವವರು ಬದಲಾದಂತೆಲ್ಲ ಕಪ್ಪವನ್ನು ಕೊಡುವ ಕಡೆಯು ಬದಲಾಯಿತಲ್ಲದೆ ಮನೆತನವು ಕದಲಲಿಲ್ಲ.

ವಾಡೆಯನ್ನು ನೋಡಿದರೆ ಈ ಸ್ಥಿರತೆಯ ಗುಟ್ಟು ಸ್ವಲ್ಪಮಟ್ಟಿಗೆ ತಿಳಿಯುವದು. ಅದರ ಮುಖವು ಪೂರ್ವಕ್ಕಿದೆ. ಒಳಗೆ ಸುಮಾರು 100 ಅಡಿ ಉದ್ದ, 30 ಅಡಿ ಅಗಲದ ಕಂಬಗಳ ಸಭಾಮಂಟಪವಿದ್ದಿತು. ಅಡಿಗೆಮನೆ, ಬಚ್ಚಲಮನೆ, ನೀರಿನ ತೊಟ್ಟಿ, ನೀರು ಹರಿಯುವ ಕೊಳವೆ ಇವುಗಳ ಗುರುತುಗಳು ಇಂದಿಗೂ ಉಳಿದಿವೆ. ಕಾಳಗಕ್ಕೆಂದೇ ಕಟ್ಟಿದ ಠಾಣೆಯಲ್ಲಿ ಇಷ್ಟು ವಿಸ್ತಾರವಾದ ಗೃಹಕೃತ್ಯದ ಏರ್ಪಾಡು ಇರಲಾರದು. ಮೊಮ್ಮಕ್ಕಳ ಮೊಮ್ಮಕ್ಕಳೂ ಇಲ್ಲಿಯೇ ಉಣ್ಣುವರು, ಇಲ್ಲಿಯೇ ಮೀಯುವರು ಎಂಬ ನಂಬಿಗೆಯಿಂದ ಕಟ್ಟಿಸಿದ ಮನೆಯಿದು.

ಈ ಮನೆತನದ ವೈಭವವು ಮಲ್ಲಸರ್ಜ ದೇಸಾಯಿಯ ಕಾಲದಲ್ಲಿ ತುದಿಗೇರಿತು. 1782ರಲ್ಲಿ ಪಟ್ಟಕ್ಕೆ ಬಂದ ಇವನು ಮೂರು ವರುಷಗಳೊಳಗಾಗಿ ಟಿಪ್ಪುವಿನ ಸೈನ್ಯಕ್ಕೆ ಸೆರೆಸಿಕ್ಕು, ಬಳಿಕ ಸೆರೆಮನೆಯಿಂದ ತಪ್ಪಿಸಿಕೊಂಡು ಬಂದು, ಕಳೆದ ರಾಜ್ಯವನ್ನು ಮತ್ತೆ ಕೂಡಿಸಿದನು. 1809ರಲ್ಲಿ ಎರಡನೆಯ ಬಾಜೀರಾಯ ಪೇಶವೆಯ ಸಂಗಡ ಒಡಂಬಡಿಕೆಯಾಗಿ, ವರುಷಕ್ಕೆ 1,75,000 ರೂಪಾಯಿ ಕಪ್ಪವನ್ನು ಒಪ್ಪಿ, ‘ಪ್ರತಾಪರಾವ’ ಎಂಬ ಬಿರುದನ್ನು ಪಡೆದನು. ಬಿರುದನ್ನಿತ್ತ ಪೇಶವೆಯೇ ಮುಂದೆ ಅವನನ್ನು ಪುಣೆಯಲ್ಲಿ ತಡೆದಿಟ್ಟನು. ಬಿಡುಗಡೆಯಾಗುವ ಹೊತ್ತಿಗೆ ದೇಸಾಯಿಯ ಆರೋಗ್ಯವು ಕೆಟ್ಟು, 1816ರಲ್ಲಿ ಅವನು ಕಾಲವಾದನು.

ಮಲ್ಲಸರ್ಜನ ಹಿರಿಯ ರಾಣಿಯು ತಲ್ಲೂರ ದೇಸಾಯರ ಮಗಳಾದ ರುದ್ರಮ್ಮ. ಕಿರಿಯಳು ಕಾಕತಿಯ ಧೂಳಪ್ಪಗೌಡ ದೇಸಾಯಿಯ ಮಗಳಾದ ಚೆನ್ನಮ್ಮ. ಚೆನ್ನಮ್ಮನ ಮಗನು ಉಳಿಯಲಿಲ್ಲ. ಪಟ್ಟವು ರುದ್ರಮ್ಮನ ಮಗನಾದ ಶಿವಲಿಂಗರುದ್ರಸರ್ಜನಿಗೆ ಬಂದಿತು. 1818ರಲ್ಲಿ ಮನ್ರೋ ಸಾಹೇಬನು ಬೆಳಗಾವಿಯ ಕೋಟೆಯನ್ನು ಮುತ್ತಿದಾಗ ಈ ದೇಸಾಯಿಯು ಕುಂಪಣಿಯವರಿಗೆ ನೆರವಾಗಿ, ತನ್ನ ಸಂಸ್ಥಾನವನ್ನು ಉಳಿಸಿಕೊಂಡನು. ಆದರೆ ಆರು ವರುಷಗಳಲ್ಲಿಯೇ ಕಾಯಿಲೆಯು ಅವನನ್ನು ಹಾಸಿಗೆಗೆ ಹತ್ತಿಸಿತು. ಅವನಿಗೆ ಮಕ್ಕಳಿರಲಿಲ್ಲ. ಆಗ ಮಸ್ತಮರಡಿಯ ಬಾಳಪ್ಪಗೌಡನ ಮಗನಾದ ಶಿವಲಿಂಗಪ್ಪನೆಂಬ ಹುಡುಗನನ್ನು ದತ್ತಕ ತೆಗೆದುಕೊಂಡು, ಆ ಸುದ್ದಿಯ ಪತ್ರವನ್ನು ಧಾರವಾಡಕ್ಕೆ ಕಳಿಸಲಾಯಿತು. 1824ನೆಯ ಸಪ್ಟೆಂಬರದಲ್ಲಿ ದೇಸಾಯಿಯು ತೀರಿಕೊಂಡನು.

ಬೆಳಗಾವಿಯು ಪ್ರತ್ಯೇಕ ಜಿಲ್ಲೆಯಾದದ್ದು 1836ರಲ್ಲಿ. ಆ ಮುಂಚೆ ಕಿತ್ತೂರ ಸೀಮೆಯ ವ್ಯವಹಾರವು ಧಾರವಾಡದ ಕಲೆಕ್ಟರನೂ ಪೊಲಿಟಿಕಲ್ ಏಜಂಟನೂ ಆದ ಸೇಂಟ್ ಜಾನ್ ಥ್ಯಾಕರೆಯ ಕೈಯಲ್ಲಿದ್ದಿತು. ಇಂಗ್ಲಂಡದ ಪ್ರಸಿದ್ಧ ಕಾದಂಬರಿಕಾರ ಥ್ಯಾಕರೆಯು ಇವನ ಅಣ್ಣನ ಮಗನು. ಕಲೆಕ್ಟರನು ದತ್ತಕವನ್ನು ನಂಬಲಿಲ್ಲ. ಸಾಯುವವನ ಕೈಬರಹವು ಇಂಥದಿರಲಾರದು, ದತ್ತಕವು ಮರಣದ ತರುವಾಯ ಕಟ್ಟಿದ ಕಟ್ಟುಕಥೆ, ಸರಕಾರದ ಅಪ್ಪಣೆಯಿಲ್ಲದೆ ಆದದ್ದು—ಇವು ಅವನ ಆಕ್ಷೇಪಗಳು. ನ್ಯಾಯದೃಷ್ಟಿಯಿಂದ ನೋಡಿದರೆ, ರೋಗಿಯ ಹಾಸಿಗೆಯ ಬಳಿಯಲ್ಲಿ ಅವಸರದಿಂದ ಬರೆದ ಕಾಗದದ ಮೇಲೆ ಸಂಶಯವು ಹುಟ್ಟುವದು ಅಸಾಧ್ಯವೇನಲ್ಲ. ಆದರೆ ಅವನು ಸಂಶಯವನ್ನು ವಿಚಾರಣೆಗೆ ಒಪ್ಪಿಸಿ ತಡೆಯಲಿಲ್ಲ. ಕಿತ್ತೂರಿಗೆ ಬಂದು ಖಜಾನೆಗೆ ಮುದ್ರೆಯೊತ್ತಿಸಿ, ಸಂಸ್ಥಾನದ ಕಾರಭಾರಕ್ಕೆ ತನ್ನ ಕಡೆಯವರನ್ನು ನೇಮಿಸಿದನು.

ಇಲ್ಲಿ ಎರಡು ನಾಡುಗಳ ಮನೆತನದ ಕಲ್ಪನೆಗಳು ಒಂದನ್ನೊಂದು ಮುಟ್ಟಿದವೆಂಬದನ್ನು ವಾಚಕರು ಗಮನಿಸಬೇಕು. ಇಂಗ್ಲಂಡದಲ್ಲಿಯೂ ಹಳ್ಳಿಗಾಡಿನ ದೊಡ್ಡ ದೊಡ್ಡ ವಾಡೆಗಳಿವೆ. ತಲೆತಲಾಂತರದಿಂದ ಅವುಗಳಲ್ಲಿ ಬಾಳಿದ ಸರದಾರ ಮನೆತನಗಳಿವೆ. ಆಗ ಅಲ್ಲಿ ಭೂಮಿಯೂ ಮನೆಯೂ ಹಿರಿಯ ಮಗನಿಗೆ ಸೇರುತ್ತಿದ್ದವು. ಮಗನಿಲ್ಲದಿದ್ದರೆ ಕಂಡರಿಯದ ದೂರದ ದಾಯಾದಿಯಾದರೂ ಬಂದು ಒಡೆಯನಾಗಬಹುದಿತ್ತು, ಸಾಕಿದ ಮಗನು ಮಾತ್ರ ಆಗುವಂತಿರಲಿಲ್ಲ. ಮಗುವನ್ನು ಮಗನನ್ನಾಗಿ ಮಾಡಿಕೊಳ್ಳುವ ಕಾಯಿದೆಯೇ ಇಂಗ್ಲಂಡದಲ್ಲಿ 1926ರ ವರೆಗೆ ಹುಟ್ಟಿರಲಿಲ್ಲ. ನಮ್ಮ ಧರ್ಮಶಾಸ್ತ್ರವಾದರೋ ವಿಧಿಯಿಂದ ತೆಗೆದುಕೊಂಡ ದತ್ತಪುತ್ರನಿಗೆ ಮಗನ ಸ್ಥಾನವನ್ನೇ ಕೊಡುವದು. ಈ ಶಾಸ್ತ್ರವು ಕುಂಪಣಿಯವರಿಗೆ ತಿಳಿಯದ ವಿಷಯವಲ್ಲ. ಸಾಮಾನ್ಯರ ಹೊಲಮನೆಗಳ ಮಟ್ಟಿಗೆ ಅವರ ನ್ಯಾಯಾಲಯಗಳು ದತ್ತಕವನ್ನು ಮನ್ನಿಸುತ್ತಿದ್ದವು. ಮನೆಯ ಸಂಗಡ ರಾಜ್ಯವೂ ಕೈಬದಲಾಗುವ ಪ್ರಸಂಗ ಬಂದಾಗ ಮಾತ್ರ ಅಪ್ಪಣೆಯ ಮಾತು ಹೊರಟಿತು. ಈ ನೀತಿಯು ಲಾರ್ಡ ಡಾಲಹೌಸಿಯ ಕಾಲದಲ್ಲಿ 1848ರಲ್ಲಿ ಸಾತಾರೆಯನ್ನೂ ಆಮೇಲೆ ಝಾಂಸಿಯನ್ನೂ ನುಂಗಿತು. ಕಿತ್ತೂರು ಅದರ ರುಚಿಯನ್ನು ಇಪ್ಪತ್ತುನಾಲ್ಕು ವರುಷ ಮೊದಲೇ ಉಂಡಿತ್ತು.

ಚೆನ್ನಮ್ಮರಾಣಿಗೆ ಆ ಹುಡುಗನು ಹೆತ್ತ ಮಗನಲ್ಲ, ಮೊಮ್ಮಗನೂ ಅಲ್ಲ. ಸವತಿಯ ಮಗನು ದತ್ತಕ ಪಡೆದವನು. ಕುಂಪಣಿಯು ಕೊಡುವ ವರ್ಷಾಶನವನ್ನು ಉಂಡು ಸುಮ್ಮನಿದ್ದರೆ ಅವಳ ಸ್ವಂತಕ್ಕೆ ಯಾವ ಕೊರತೆಯೂ ಆಗುತ್ತಿದ್ದಿಲ್ಲ. ಆದರೂ ಸೊಸೆಯಂದಿರ ಪಕ್ಷವನ್ನೂ ಆ ಬಾಲಕನ ಪಕ್ಷವನ್ನೂ ಅವಳು ವಹಿಸಿದಳು. ತಾನು ಬಂದು ಸೇರಿದ ಮನೆಯು ತಾನು ಕಣ್ಮುಚ್ಚಿದ ಮೇಲೆಯೂ ಮುಂದುವರಿಯಬೇಕು ಎಂಬ ಹಟವು ಅವಳದು. ಹರಿತವಾದ ಖಡ್ಗಕ್ಕಿಂತ ಈ ಹಟವೇ ಅವಳ ಹಿರಿಮೆಯ ನೆಲೆಯೆನ್ನಬಹುದು.

1824ನೆಯ ಅಕ್ಟೋಬರ 23ನೆಯ ದಿನ ಕೋಟೆಯ ಅಗಸಿಯು ಮುಚ್ಚಿಕೊಂಡಿತು. ಥ್ಯಾಕರೆಯು ತೋಪುಗಳನ್ನು ಬಾಗಿಲಿಗೆ ತರಿಸಿದನು. ಒಮ್ಮೆಲೆ ಅಗಸಿಯು ತೆರೆದು, ಸರದಾರ ಗುರುಸಿದ್ದಪ್ಪನ ಕಡೆಯ ದಂಡು ಹೊರಗೆ ನುಗ್ಗಿತು. ಕಲೆಕ್ಟರನು ಗುಂಡಿಗೆ ಬಲಿಯಾದನು. ಆ ಗುಂಡು ಅಮಟೂರ ಬಾಳಪ್ಪನದೆಂದು ಜನರು ಹೇಳುತ್ತ ಬಂದಿದ್ದಾರೆ. ಬ್ಲ್ಯಾಕ, ಸಿವೆಲ, ಡೈಟನ ಎಂಬ ಸೈನ್ಯಾಧಿಕಾರಿಗಳೂ ಬಿದ್ದರು. ಎಲಿಯಟ್, ಸ್ಟೀವನ್ಸನ್ ಎಂಬ ಇಬ್ಬರು ತರುಣ ಅಧಿಕಾರಿಗಳು ಸೆರೆಸಿಕ್ಕರು.

ಈ ಎಲಿಯಟನೇ ಮುಂದೆ ಕನ್ನಡ ನಾಡಿನ ಶಿಲಾಲೇಖಗಳ ಸಂಶೋಧಕನೆಂದು ಹೆಸರಾದ ಸರ್ ವಾಲ್ಟರ್ ಎಲಿಯಟ್. ಆಗ ಅವನ ವಯಸ್ಸು ಇಪ್ಪತ್ತೊಂದು. ಸುಮಾರು ನಾಲ್ವತ್ತು ದಿನ ಅವನು ಕಿತ್ತೂರಲ್ಲಿ ಸೆರೆಯಿದ್ದನು. ಕಿತ್ತೂರವರು ಅವನ ಪ್ರಾಣಕ್ಕೆ ಅಪಾಯ ಮಾಡದೆ ಡಿಸೆಂಬರದ ಮೊದಲಲ್ಲಿ ಬಿಟ್ಟುಕೊಟ್ಟರು. ಬಳಿಕ ಅವನು ಈ ಪ್ರಾಂತದಲ್ಲಿಯೇ ಅಧಿಕಾರ ಮಾಡುತ್ತ, 595 ಶಾಸನಗಳ ಪ್ರತಿಗಳನ್ನು ಕೂಡಹಾಕಿ, ಮರೆತುಹೋದ ಚಾಲುಕ್ಯರ ವಂಶಾವಳಿಯನ್ನು 1837ರಲ್ಲಿ ಪಂಡಿತಲೋಕದ ಮುಂದಿಟ್ಟನು. ಕಿತ್ತೂರವರು ಉಳಿಸಿದ ಒಂದು ಜೀವದಿಂದ ಕನ್ನಡನಾಡಿನ ಇತಿಹಾಸಕ್ಕೆ ದೊರೆತ ಲಾಭವು ಸಣ್ಣದಲ್ಲ. 1887ರಲ್ಲಿ ಅವನು ಸ್ಕಾಟ್ಲಂಡದಲ್ಲಿ ತನ್ನ ಮನೆತನದ ವುಲ್ಫಲೀ ವಾಡೆಯಲ್ಲಿ ತೀರಿಕೊಂಡನು. ಅವನಿಗೆ ಅವನ ಹಿರಿಯರ ಮನೆಯು ಉಳಿದಿದ್ದಿತು.

ಕಿತ್ತೂರವರಿಗೆ ಉಳಿಯಲಿಲ್ಲ. ಕಮಿಶನರ ಚಾಪ್ಲಿನನ ನೇತೃತ್ವದಲ್ಲಿ ದೊಡ್ಡ ಸೈನ್ಯವು ಬಂದು ಮುತ್ತಿತು. ಸರ್ ಥಾಮಸ್ ಮನ್ರೋನ ಬಂಧುವಾದ ಸಬ್ ಕಲೆಕ್ಟರ ಮನ್ರೋ ಎಂಬವನು ಈ ಮುತ್ತಿಗೆಯಲ್ಲಿ ಮಡಿದನು. ಡಿಸೆಂಬರ 5ರ ಹೊತ್ತಿಗೆ ಕೋಟೆಯು ಬಿದ್ದಿತು. ರಾಣಿಯರನ್ನು ಬೈಲಹೊಂಗಲಕ್ಕೆ ಸಾಗಿಸಲಾಯಿತು. ಚೆನ್ನಮ್ಮನು ತೀರಿಕೊಂಡ ವರುಷದಲ್ಲಿಯೇ ಸಂಗೊಳ್ಳಿಯ ರಾಯಣ್ಣನು ಬಂಡೆದ್ದನು. ರಾಯಣ್ಣನು ತನಗಾಗಿ ರಾಜ್ಯವನ್ನು ಕೇಳಲಿಲ್ಲ. ಅದೇ ದತ್ತಕ ಹುಡುಗನ ಹೆಸರಿನಿಂದ ಕಾದಾಡಿದನು. ಸರಕಾರವು ಒಪ್ಪದ ಮಗನನ್ನು ಒಕ್ಕಲಮಕ್ಕಳು ಒಪ್ಪಿಕೊಂಡರೆಂಬದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ. 1831ನೆಯ ಜನೇವರಿ 26ರಂದು ನಂದಗಡದಲ್ಲಿ ರಾಯಣ್ಣನನ್ನು ಗಲ್ಲಿಗೇರಿಸಿದರು.

ಎರಡನೆಯ ಮನೆತನವು ನರಗುಂದದ ಭಾವೆಯವರದು. 1785ರಲ್ಲಿ ಟಿಪ್ಪುವಿನ ಸೈನ್ಯಕ್ಕೆ ಕಿತ್ತೂರಂತೆ ನರಗುಂದವೂ ತುತ್ತಾಗಿದ್ದಿತು. ಸಂಸ್ಕೃತ ಗ್ರಂಥಗಳ ದೊಡ್ಡ ಸಂಗ್ರಹವನ್ನು ಮಾಡಿಟ್ಟಿದ್ದ ಭಾಸ್ಕರರಾವ ಉರ್ಫ ಬಾಬಾಸಾಹೇಬನು ಮಗನನ್ನು ಕಳೆದುಕೊಂಡು, ದತ್ತಕಕ್ಕೆ ಅಪ್ಪಣೆ ಬೇಡಿದರೆ ಸರಕಾರವು ಕೊಡಲಿಲ್ಲ. 1858ನೆಯ ಮೇ 29ರ ರಾತ್ರಿ ರಾಮದುರ್ಗದ ಸಮೀಪದ ಸುರೇಬಾನದಲ್ಲಿ ಪೊಲಿಟಿಕಲ್ ಏಜಂಟ ಮ್ಯಾನಸನನು ಅವನ ಜನರಿಂದ ಹತನಾದನು. ಎರಡು ವಾರಗಳೊಳಗಾಗಿ, ಜೂನ್ 12ರಂದು, ಬಾಬಾಸಾಹೇಬನನ್ನು ಬೆಳಗಾವಿಯಲ್ಲಿ ಗಲ್ಲಿಗೇರಿಸಿದರು. ನಾಲ್ಕು ವರುಷಗಳ ಮೇಲೆ, 1862ರಲ್ಲಿ, ಲಾರ್ಡ ಕ್ಯಾನಿಂಗನು ಸಂಸ್ಥಾನಿಕರಿಗೆ ದತ್ತಕದ ಸನದುಗಳನ್ನು ಹಂಚಿದನು. ಕಿತ್ತೂರೂ ನರಗುಂದವೂ ಪ್ರಾಣಕೊಟ್ಟು ಕೇಳಿದ್ದನ್ನು ಸರಕಾರವು ಈಗ ಕಾಗದದ ಮೇಲೆ ಬರೆದುಕೊಟ್ಟಿತು. ಪಡೆಯಲು ಆ ಎರಡು ಮನೆಗಳಲ್ಲಿ ಯಾರೂ ಉಳಿದಿರಲಿಲ್ಲ.

ಮೂರನೆಯದು ಸವದತ್ತಿ ತಾಲೂಕಿನ ಶಿರಸಂಗಿಯ ದೇಸಗತಿ. 1861ರಲ್ಲಿ ಶಿಗ್ಲಿಯಲ್ಲಿ ಹುಟ್ಟಿದ ರಾಮಪ್ಪನೆಂಬ ಬಾಲಕನು ಈ ಮನೆಗೆ ದತ್ತಕ ಬಂದು ಲಿಂಗರಾಜ ದೇಸಾಯಿ ಎನಿಸಿದನು. ಕಾಲವು ಬದಲಾಗಿದ್ದಿತು, ಈ ದತ್ತಪುತ್ರನಿಗೆ ವಾಡೆಯೂ ಆಸ್ತಿಯೂ ದೊರೆತವು. 1904ರಲ್ಲಿ ಧಾರವಾಡದಲ್ಲಿ ಕೂಡಿದ ಮೊದಲನೆಯ ವೀರಶೈವ ಮಹಾಸಭೆಗೆ ಅವರು ಅಧ್ಯಕ್ಷರಾದರು. ಆದರೆ ಅವರಿಗೂ ಮಕ್ಕಳಾಗಲಿಲ್ಲ. ಹಿಂದಿನ ಎರಡು ಮನೆಗಳನ್ನು ಸುಟ್ಟ ಪ್ರಶ್ನೆಯೇ ಇವರ ಮುಂದೆ ಬಂದು ನಿಂತಿತು. ಇವರು ಇನ್ನೊಬ್ಬ ಹುಡುಗನನ್ನು ಗದ್ದುಗೆಗೆ ತರುವ ಬದಲು, ಲಿಂಗಾಯತ ಸಮಾಜದ ಮಕ್ಕಳ ವಿದ್ಯಾಭ್ಯಾಸಕ್ಕಾಗಿ ಆಸ್ತಿಯನ್ನು ಮೃತ್ಯುಪತ್ರದ ಮೂಲಕ ಬಿಟ್ಟುಕೊಟ್ಟರು. 1906ರಲ್ಲಿ ಅವರು ಲಿಂಗೈಕ್ಯರಾದರು. ಕೆ. ಎಲ್. ಇ. ಸೊಸಾಯಿಟಿಯು 1933ರಲ್ಲಿ ಬೆಳಗಾವಿಯಲ್ಲಿ ತೆರೆದ ಕಾಲೇಜಿಗೆ ಅವರ ಹೆಸರೇ ಇದೆ. ತಾನೇ ಪರರ ಮನೆಯಿಂದ ಬಂದು ಮಗನಾದವನಿಗೆ ಪರರ ಮಕ್ಕಳನ್ನು ತನ್ನವರೆನ್ನುವದು ಕಠಿಣವೆನಿಸಲಿಲ್ಲ.

ಕಿತ್ತೂರ ವಾಡೆಯ ಕೆತ್ತನೆಯ ಬಾಗಿಲುಗಳು ಈಗ ಕೋಟೆಯೊಳಗಿನ ವಸ್ತುಸಂಗ್ರಹಾಲಯದಲ್ಲಿವೆ. ಪ್ರತಿವರುಷ ಅಕ್ಟೋಬರದಲ್ಲಿ ಸರಕಾರವೇ ಅಲ್ಲಿ ಉತ್ಸವ ನಡೆಸುವದು. ಜನಸಂದಣಿಯು ಕರಗಿದ ಮೇಲೆ ವಾಡೆಯೊಳಗೆ ಹೊಕ್ಕು ನೋಡಿದರೆ, ಒಂದು ಗೋಡೆಯಲ್ಲಿ ದುಂಡನೆಯ ಕೊಳವೆಯೊಂದನ್ನು ಕೂಡಿಸಿರುವದು ಕಾಣಸಿಗುವದು. ಅದರ ಮೂಲಕ ಧ್ರುವನಕ್ಷತ್ರವು ಕಾಣುವಂತೆ ಕಟ್ಟಿದವರು ಅಳವಡಿಸಿದ್ದಾರೆ. ತಂದೆಯ ತೊಡೆಯೇರಹೋಗಿ ‘ಈ ಸ್ಥಾನವು ನಿನ್ನದಲ್ಲ’ ಎಂಬ ಮಾತು ಕೇಳಿ ಹೊರಟ ಬಾಲಕನ ಹೆಸರು ಆ ನಕ್ಷತ್ರಕ್ಕೆ. ಅದನ್ನು ಅಳವಡಿಸಿದ ಕುಶಲಿಗೆ ಮುಂದೆ ಅದೇ ಮನೆಯಲ್ಲಿ ನಡೆಯುವದು ತಿಳಿದಿರಲಿಲ್ಲ. ಮಾಳಿಗೆಯು ಹೋಗಿದೆ, ಕಂಬಗಳು ಹೋಗಿವೆ, ಕೊಳವೆಯು ಇಂದಿಗೂ ಉತ್ತರಕ್ಕೆ ಮುಖಮಾಡಿ ಗೋಡೆಯಲ್ಲಿದೆ.