ಸುಮ್ಮನಿದ್ದಾಗ ಬರುವ ಎದೆನೋವು: ಅಡಿಕೆ ಸೀಮೆಯಿಂದ ಒಂದು ಟಿಪ್ಪಣಿ

ಏರು ಹತ್ತಿದಾಗ, ಮೂಟೆ ಹೊತ್ತಾಗ ಬಂದು, ನಿಂತರೆ ನಿಲ್ಲುವ ಎದೆನೋವನ್ನು ಇಂಗ್ಲೆಂಡಿನ ವಿಲಿಯಂ ಹೆಬರ್ಡನ್ ಹದಿನೆಂಟನೆಯ ಶತಮಾನದಲ್ಲೇ ವಿವರಿಸಿದ್ದರು. ಈ ವಿವರಣೆಗೆ ಒಗ್ಗದ ರೋಗಿಗಳ ಗುಂಪೊಂದನ್ನು 1959ರಲ್ಲಿ ಅಮೆರಿಕದ ಮೈರನ್ ಪ್ರಿಂಜ್‌ಮೆಟಲ್ ಮತ್ತು ಸಂಗಡಿಗರು ಗುರುತಿಸಿದರು. ಇವರಿಗೆ ದುಡಿಯುವಾಗ ತೊಂದರೆಯಿಲ್ಲ, ಮಲಗಿದಾಗ ಎದೆ ಹಿಡಿಯುತ್ತಿತ್ತು. ಹೃದಯಕ್ಕೆ ರಕ್ತ ಒಯ್ಯುವ ಕರೊನರಿ ನಾಳ ಸ್ವಲ್ಪ ಹೊತ್ತು ಸೆಳೆತಕ್ಕೆ ಸಿಕ್ಕಿ ಮುಚ್ಚಿಕೊಳ್ಳುತ್ತದೆ ಎಂದು ಅವರು ತರ್ಕಿಸಿದರು. 1970ರ ದಶಕದಲ್ಲಿ ಆಂಜಿಯೋಗ್ರಾಂ ನಡೆಯುತ್ತಿದ್ದಾಗಲೇ ನೋವು ಬಂದ ರೋಗಿಗಳಲ್ಲಿ ಆ ಸೆಳೆತ ಕಣ್ಣಿಗೇ ಕಂಡಿತು.

ಈ ಕಾಯಿಲೆಗೆ ತನ್ನದೇ ಹೊತ್ತು ಇದೆ: ನಡುರಾತ್ರಿಯಿಂದ ಬೆಳಗಿನ ಜಾವದವರೆಗೆ. ಚನ್ನಗಿರಿ ತಾಲ್ಲೂಕಿನ ಕತ್ತಲಗೆರೆಯಂಥ ಊರಿನಲ್ಲಿ ಇದರ ಪರಿಣಾಮವನ್ನು ಊಹಿಸುವುದು ಕಷ್ಟವಲ್ಲ. ನಾಲ್ಕು ಗಂಟೆಗೆ ಎದೆ ಬಿಗಿದು ಬೆವರು ಕಿತ್ತುಕೊಂಡು ಎಚ್ಚರವಾಗುತ್ತದೆ, ಹತ್ತು ನಿಮಿಷದಲ್ಲಿ ಇಳಿಯುತ್ತದೆ. ಬೆಳಗಾದ ಮೇಲೆ ಆಸ್ಪತ್ರೆಗೆ ಹೋದರೆ ಇಸಿಜಿ ನಾರ್ಮಲ್. ‘ಗ್ಯಾಸ್ಟ್ರಿಕ್’ ಎಂಬ ಹೆಸರು, ಒಂದು ಮಾತ್ರೆ, ಮನೆ. ಅದೇ ಇಸಿಜಿ ಪಟ್ಟಿಯನ್ನು ನೋವಿನ ನಡುವೆ ತೆಗೆದಿದ್ದರೆ ಬೇರೆಯೇ ಚಿತ್ರ ಕಾಣುತ್ತಿತ್ತು. ಸಮತಟ್ಟಾಗಿರಬೇಕಾದ ಎಸ್‌ಟಿ ಭಾಗ ಕಮಾನಿನಂತೆ ಮೇಲೆದ್ದು, ನಾಲಿಗೆಯಡಿ ನೈಟ್ರೇಟ್ ಮಾತ್ರೆ ಇಟ್ಟ ಕೆಲವೇ ನಿಮಿಷಗಳಲ್ಲಿ ಮತ್ತೆ ಕೆಳಗಿಳಿಯುತ್ತದೆ. ಆಂಜಿಯೋಗ್ರಾಂನಲ್ಲಿ ಬ್ಲಾಕ್ ಕಾಣದಿದ್ದರೂ ಈ ಕಾಯಿಲೆ ಇರಬಹುದು. ಸೆಳೆತ ಬಹಳ ಹೊತ್ತು ಬಿಡದಿದ್ದರೆ ಹೃದಯಾಘಾತವಾಗುತ್ತದೆ. ಲಯ ತಪ್ಪಿ ಹಠಾತ್ ಸಾವೂ ಸಂಭವಿಸುತ್ತದೆ.

ಕತ್ತಲಗೆರೆಯನ್ನು ಹೆಸರಿಸಿದ್ದಕ್ಕೆ ಕಾರಣವಿದೆ. ಸುತ್ತಲಿನದು ಭದ್ರಾ ನಾಲೆಯ ನೀರು ಮತ್ತು ಕೊಳವೆಬಾವಿಗಳ ಮೇಲೆ ಬೆಳೆದ ಅಡಿಕೆ ಸೀಮೆ. ಅಡಿಕೆಯ ಮುಖ್ಯ ಕ್ಷಾರಸತ್ವ ಅರೆಕೊಲಿನ್. ಅಸಿಟೈಲ್‌ಕೋಲಿನ್ ಎಂಬ ನರವಾಹಕ ದೇಹದಲ್ಲಿ ಯಾವ ಮಸ್ಕರಿನಿಕ್ ಗ್ರಾಹಕಗಳನ್ನು ಚುರುಕುಗೊಳಿಸುತ್ತದೋ, ಅರೆಕೊಲಿನ್ ಕೂಡ ಅವನ್ನೇ ಚುರುಕುಗೊಳಿಸುತ್ತದೆ. ಅಡಿಕೆ ಅಗಿದಾಗ ಬಾಯಲ್ಲಿ ಜೊಲ್ಲೂರುವುದರಲ್ಲಿ ಇದರ ಪಾಲಿದೆ.

ಕರೊನರಿ ಸೆಳೆತವನ್ನು ಖಚಿತಪಡಿಸಲು ಆಂಜಿಯೋಗ್ರಾಂ ನಡೆಸುವ ಕ್ಯಾಥ್‌ಲ್ಯಾಬ್‌ಗಳಲ್ಲಿ ಬಳಸುವ ವಸ್ತುವೂ ಅಸಿಟೈಲ್‌ಕೋಲಿನ್. ಜಪಾನಿನ ವೈದ್ಯರು ಬೆಳೆಸಿದ ಈ ಪರೀಕ್ಷೆಯಲ್ಲಿ ಅದನ್ನು ನೇರವಾಗಿ ಕರೊನರಿ ನಾಳಕ್ಕೆ ಬಿಡುತ್ತಾರೆ. 1980ರಲ್ಲಿ ರಾಬರ್ಟ್ ಫರ್ಚ್‌ಗಾಟ್ ಮೊಲದ ಮಹಾಧಮನಿಯ ತುಂಡುಗಳಲ್ಲಿ ತೋರಿಸಿದಂತೆ, ಒಳಪದರ ಸರಿಯಿದ್ದರೆ ಅಸಿಟೈಲ್‌ಕೋಲಿನ್ ನಾಳವನ್ನು ಸಡಿಲಿಸುತ್ತದೆ, ಒಳಪದರ ಉಜ್ಜಿಹೋಗಿದ್ದರೆ ಬಿಗಿಯುತ್ತದೆ. ಮನುಷ್ಯರಲ್ಲಿ ಒಳಪದರವನ್ನು ಕೆಡಿಸುವುದರಲ್ಲಿ ತಂಬಾಕಿನದು ದೊಡ್ಡ ಪಾಲು; ಧೂಮಪಾನವಂತೂ ಈ ಸೆಳೆತಕ್ಕೆ ಎಲ್ಲರೂ ಒಪ್ಪಿದ ಅಪಾಯಕಾರಿ ಅಂಶ. ಹಾಗಿರುವಾಗ ಬೀಡಿ ಸೇದುತ್ತಾ ದಿನವಿಡೀ ಅಡಿಕೆಯನ್ನೂ ಜಗಿಯುವವನ ಕರೊನರಿ ನಾಳದಲ್ಲಿ ಏನಾಗುತ್ತದೆ?

ಈ ಪ್ರಶ್ನೆಗೆ ತಳಹದಿ ಇಲ್ಲದಿಲ್ಲ. ಅಡಿಕೆ ಜಗಿದ ಬೆನ್ನಿಗೇ ಆದ ಹೃದಯಾಘಾತವನ್ನು ತೈವಾನಿನ ವೈದ್ಯರು 1998ರಲ್ಲಿ ವರದಿ ಮಾಡಿದರು. ಆದರೆ ಒಂದರ ಬೆನ್ನಿಗೆ ಇನ್ನೊಂದು ನಡೆದ ಮಾತ್ರಕ್ಕೆ ಕಾರಣ ಸಾಬೀತಾಗದು. ತೈವಾನಿನಲ್ಲಿ ಜಗಿಯುವುದು ಹೆಚ್ಚಾಗಿ ಹಸಿ ಎಳೆಕಾಯಿ. ಚನ್ನಗಿರಿಯದು ಸುಲಿದು, ಹಂಡೆಯಲ್ಲಿ ಬೇಯಿಸಿ, ಒಣಗಿಸಿದ ಕೆಂಪಡಿಕೆ. ಬೇಯಿಸಿದಾಗ ಅರೆಕೊಲಿನ್ ಒಂದಷ್ಟು ಇಳಿಯುತ್ತದೆ, ಸುಣ್ಣ ಬೆರೆತಾಗ ಅದರ ರೂಪವೂ ಮಾರ್ಪಡುತ್ತದೆ. ಗುಟ್ಕಾದಲ್ಲಿ ನಿಕೋಟಿನ್ ಬೇರೆ ಸೇರುತ್ತದೆ. ಕರ್ನಾಟಕ 2013ರಲ್ಲಿ ಗುಟ್ಕಾ ನಿಷೇಧಿಸಿದ ಮೇಲೆ ಪಾನ್‌ಮಸಾಲಾ ಮತ್ತು ತಂಬಾಕಿನ ಜೋಡಿ ಚೀಟಿಗಳು ಅದರ ಜಾಗಕ್ಕೆ ಬಂದವು. ಹಾಗಾಗಿ ಅಡಿಕೆಯನ್ನಷ್ಟೇ ಆರೋಪಿಯಾಗಿಸುವುದು ಅವಸರದ ತೀರ್ಪಾಗುತ್ತದೆ; ಬೆಳೆಗಾರರ ಅನ್ನದ ಮೇಲೆ ಹಾಗೆ ಹಗುರವಾಗಿ ಮಾತಾಡಬಾರದು. ಅದರ ಹೆಸರನ್ನೇ ಎತ್ತದೆ ರೋಗಚರಿತ್ರೆ ಬರೆಯುವುದೂ ಅಷ್ಟೇ ತಪ್ಪು. ಬಾಯಿ ಕ್ಯಾನ್ಸರಿನ ವಿಚಾರದಲ್ಲಿ ಅಡಿಕೆ ಕುರಿತು ಕೇಳಲು ನಮ್ಮ ವೈದ್ಯರು ಕಲಿತಿದ್ದಾರೆ. ಎದೆನೋವಿನಲ್ಲಿ ಆ ಪ್ರಶ್ನೆ ಸಾಮಾನ್ಯವಾಗಿ ಸಿಗರೇಟಿಗೇ ನಿಂತುಬಿಡುತ್ತದೆ.

ಈ ಸೆಳೆತದ ಕಾಯಿಲೆಯನ್ನು ಗುರುತಿಸುವುದರಿಂದ ಚಿಕಿತ್ಸೆಯೇ ಬದಲಾಗುತ್ತದೆ. ಇದಕ್ಕೆ ಮುಖ್ಯ ಮದ್ದು ಡಿಲ್ಟಿಯಜೆಮ್‌ನಂಥ ಕ್ಯಾಲ್ಸಿಯಂ ತಡೆಯುವ ಔಷಧಗಳು ಮತ್ತು ನೈಟ್ರೇಟ್‌ಗಳು. ಪ್ರೊಪ್ರನಾಲಾಲ್‌ನಂಥ ಬೀಟಾ ಬ್ಲಾಕರ್ ಸೆಳೆತವನ್ನು ಹೆಚ್ಚಿಸಬಲ್ಲದು. ಕ್ಯಾಲ್ಸಿಯಂ ತಡೆಯುವ ಮಾತ್ರೆಯನ್ನು ವೈದ್ಯರನ್ನು ಕೇಳದೆ ದಿಢೀರನೆ ಬಿಟ್ಟರೆ ನೋವು ಮರುಕಳಿಸುತ್ತದೆ.

ಪುನೀತ್ ರಾಜ್‌ಕುಮಾರ್ ಹೃದಯ ಜ್ಯೋತಿ ಯೋಜನೆಯಿಂದ ರಾಜ್ಯದ ತಾಲ್ಲೂಕು ಆಸ್ಪತ್ರೆಗಳಲ್ಲಿ ತುರ್ತು ಇಸಿಜಿ ಮತ್ತು ಹೆಪ್ಪು ಕರಗಿಸುವ ಟೆನೆಕ್ಟೆಪ್ಲೇಸ್ ಚುಚ್ಚುಮದ್ದು ಸಿಗುವ ವ್ಯವಸ್ಥೆ ಬಂದಿದೆ. ಈ ವ್ಯವಸ್ಥೆಯಲ್ಲಿರುವ ವೈದ್ಯರಲ್ಲಿ ಎರಡು ಕೋರಿಕೆ. ಎಸ್‌ಟಿ ಏರಿಕೆ ಕಂಡಾಗ, ರಕ್ತದೊತ್ತಡ ತಡೆಯುವಂತಿದ್ದರೆ ನೈಟ್ರೇಟ್ ಕೊಟ್ಟು ಕೆಲವೇ ನಿಮಿಷಗಳಲ್ಲಿ ಇಸಿಜಿ ಮತ್ತೆ ತೆಗೆದು ಎರಡೂ ಪಟ್ಟಿಗಳನ್ನು ಕಡತದಲ್ಲಿಡಿ. ಏರಿಕೆ ಹಾಗೇ ಉಳಿದರೆ ಚುಚ್ಚುಮದ್ದು ತಡವಾಗಬಾರದು. ಜೊತೆಗೆ ರೋಗಿ ಏನು ಜಗಿಯುತ್ತಾನೆ, ಕೊನೆಯ ಬಾರಿ ಯಾವಾಗ ಜಗಿದ, ತಂಬಾಕು ಸೇರಿತ್ತೇ ಎಂಬುದನ್ನು ಒಂದೇ ಸಾಲಿನಲ್ಲಾದರೂ ಬರೆದಿಡಿ. ಚನ್ನಗಿರಿ, ಹೊನ್ನಾಳಿ, ನ್ಯಾಮತಿಗಳಲ್ಲಿ ಇಂಥ ಸಾಲುಗಳು ಕೂಡಿದರೆ ಸಂಶೋಧನೆಗೆ ದಾರಿಯಾಗುತ್ತದೆ.

ಓದುಗರಲ್ಲಿ ಒಂದು ಮಾತು: ಬೆಳಗಿನ ಜಾವ ಎದೆ ಬಿಗಿದರೆ ಬೆಳಕು ಹರಿಯಲೆಂದು ಕಾಯಬೇಡಿ, ನೋವಿರುವಾಗಲೇ 108ಕ್ಕೆ ಕರೆ ಮಾಡಿ.