ಜನ್ಮದಿನದ ದಾಖಲೆಯೂ ಅದರ ತಿದ್ದುಪಡಿಯೂ

ಹುಬ್ಬಳ್ಳಿಯ ದುರ್ಗದಬೈಲು, ಹೆಸರೇ ಸೂಚಿಸುವಂತೆ, ಹಳೆಯ ಕೋಟೆಯ ಬಯಲು. ಈಗ ಊರಿನ ಪೇಟೆಯ ನಡುಭಾಗ. ಈ ಊರಿಗೆ ೧೮೫೫ರಲ್ಲಿಯೇ ಪುರಸಭೆಯಾಯಿತು. ಆದರೂ ಇಲ್ಲಿ ಬೆಳೆದ ಹಿಂದಿನ ತಲೆಮಾರಿನವರ ಗುರುತಿನ ಪತ್ರಗಳಲ್ಲಿ ಜನ್ಮದಿನವು ತಪ್ಪಾಗಿರುವುದು ಅಪೂರ್ವವೇನಲ್ಲ. ಇದನ್ನು ಬರೆದವರ ಅಲಕ್ಷ್ಯವೆಂದು ತಳ್ಳಿಹಾಕುವುದು ಸುಲಭ. ಆದರೆ ಕಾರಣಗಳು ಇನ್ನೂ ಆಳವಾಗಿವೆ.

ಮೊದಲನೆಯದು ಕಾಲಗಣನೆಯ ಭೇದ. ಮನೆಯ ಜಾತಕವು ಶಕವರ್ಷ, ಸಂವತ್ಸರ, ಮಾಸ, ತಿಥಿಗಳನ್ನು ಹೇಳುತ್ತದೆ. ಸರಕಾರದ ಪತ್ರವು ತಾರೀಖನ್ನು ಕೇಳುತ್ತದೆ. ಶಕವರ್ಷಕ್ಕೆ ೭೮ನ್ನು ಕೂಡಿಸಿದರೆ ಕ್ರಿಸ್ತವರ್ಷ ದೊರೆಯುವುದೆಂಬ ಸೂತ್ರವು ಚೈತ್ರದಿಂದ ಮಾರ್ಗಶಿರದವರೆಗೆ ಸಾಮಾನ್ಯವಾಗಿ ಸರಿ; ವರ್ಷದ ಕೊನೆಯ ಮಾಸಗಳಿಗೆ ಅದು ಹೊಂದದು. ಧಾರವಾಡದಲ್ಲಿ ಜನಿಸಿದ ಕವಿ ದ. ರಾ. ಬೇಂದ್ರೆಯವರ ಜನ್ಮದಿನ ೧೮೯೬ನೆಯ ಜನವರಿ ೩೧. ಅದು ಶಕ ೧೮೧೭, ಮನ್ಮಥ ಸಂವತ್ಸರದ ಮಾಘಮಾಸ. ಸೂತ್ರವನ್ನೇ ನಂಬಿದವನಿಗೆ ೧೮೯೫ ದೊರೆತು, ಒಂದು ವರ್ಷ ತಪ್ಪುತ್ತಿತ್ತು. ಪಂಚಾಂಗದ ದಿನವು ಸೂರ್ಯೋದಯದಿಂದಲೂ ಕಚೇರಿಯ ದಿನವು ಮಧ್ಯರಾತ್ರಿಯಿಂದಲೂ ಆರಂಭವಾಗುವುದರಿಂದ, ಬೆಳಗಿನ ಜಾವದಲ್ಲಿ ಹುಟ್ಟಿದ ಕೂಸಿಗೆ ಒಂದು ದಿನದ ಅಂತರ ಬೀಳುವುದೂ ಉಂಟು. ಸಂವತ್ಸರದ ಹೆಸರೊಂದೇ ನೆನಪಿದ್ದರೆ, ಅರುವತ್ತು ವರ್ಷಕ್ಕೊಮ್ಮೆ ಅದೇ ಹೆಸರು ಮರಳುವುದನ್ನೂ ಗಮನಿಸಬೇಕು.

ಎರಡನೆಯದು ಸ್ಥಳದ ತೊಡಕು. ಜನನವನ್ನು ಅದು ನಡೆದ ಊರಿನಲ್ಲಿ ಬರೆಯಿಸಬೇಕೆಂಬುದು ಕಾಯಿದೆ. ಚೊಚ್ಚಲ ಹೆರಿಗೆಯು ತವರಿನಲ್ಲಾಗಬೇಕೆಂಬುದು ನಾಡಿನ ವಾಡಿಕೆ. ಆದುದರಿಂದ ದುರ್ಗದಬೈಲಿನ ಮನೆಯ ಹಿರಿಯ ಮಗನ ಜನನವನ್ನು ಎಷ್ಟೋ ವೇಳೆ ತಾಯಿಯ ತವರೂರಿನ ಪುಸ್ತಕದಲ್ಲಿ ಹುಡುಕಬೇಕಾಗುತ್ತದೆ.

ಮೂರನೆಯದು ಶಾಲೆಯ ಪಟ್ಟಿ. ಮುಂಬಯಿ ಇಲಾಖೆಗೆ ಸೇರಿದ್ದ ಈ ಪ್ರಾಂತಕ್ಕೂ ಅನ್ವಯಿಸಿದ ೧೮೮೬ರ ಆರನೆಯ ಕಾಯಿದೆಯು ನೋಂದಣಿಗೆ ಅವಕಾಶವನ್ನು ಕಲ್ಪಿಸಿತೇ ಹೊರತು ಎಲ್ಲರನ್ನೂ ಕಟ್ಟುಪಡಿಸಲಿಲ್ಲ. ಹೀಗಾಗಿ ಬಹುಮಂದಿಗೆ ಮೊದಲ ಲಿಖಿತ ಜನ್ಮದಿನವನ್ನು ಕೊಟ್ಟವರು ಗುರುಗಳೇ. ಹೇಳುವವರಿಗೆ ದಿನ ತಿಳಿಯದಿದ್ದಾಗ, ಶಾಲೆ ತೆರೆಯುವ ಕಾಲಕ್ಕೆ ವಯಸ್ಸು ಹೊಂದುವಂತೆ ಜೂನ್ ೧ ಎಂದು ಬರೆಯುವ ರೂಢಿ ಕರ್ನಾಟಕದಲ್ಲಿ ವ್ಯಾಪಕವಾಗಿತ್ತು. ಈ ಬರಹವೇ ಮುಂದೆ ನೌಕರಿಯ ಪುಸ್ತಕಕ್ಕೂ ನಿವೃತ್ತಿವೇತನದ ಪತ್ರಕ್ಕೂ ಇಳಿದು ಬಂದಿತು. ೧೯೮೮ರಲ್ಲಿ ಸರ್ವೋಚ್ಚ ನ್ಯಾಯಾಲಯವು, ಯಾರ ಹೇಳಿಕೆಯಿಂದ ಬರೆಯಲಾಯಿತೆಂಬುದು ಸಿದ್ಧವಾಗದ ಶಾಲಾದಾಖಲೆಯ ಜನ್ಮದಿನಕ್ಕೆ ಪ್ರಮಾಣಬಲವಿಲ್ಲವೆಂದು ಹೇಳಿತು.

ಹಾಗಾದರೆ ತಿದ್ದುವುದೆಂತು? ಇಲ್ಲಿ ಕಾಯಿದೆಯು ಎರಡು ದಾರಿಗಳನ್ನು ಹಿಡಿದಿದೆ. ೧೯೬೯ರ ಜನನ ಮರಣ ನೋಂದಣಿ ಕಾಯಿದೆಯ ೧೫ನೆಯ ಕಲಮು, ತಪ್ಪು ಸಿದ್ಧವಾದರೆ ತಿದ್ದಬಹುದೆನ್ನುತ್ತದೆ. ಕರ್ನಾಟಕದ ಸರಕಾರಿ ನೌಕರರ ವಯೋನಿರ್ಣಯವನ್ನು ಕುರಿತ ೧೯೭೪ರ ಕಾಯಿದೆಯಾದರೋ ಅವಧಿಯ ಕಟ್ಟು ಹಾಕಿತು: ನೌಕರನಿಗೆ ಅನುಕೂಲವಾಗುವ ತಿದ್ದುಪಡಿಗೆ, ಸೇವಾಪುಸ್ತಕದಲ್ಲಿ ದಿನವು ದಾಖಲಾದ ಮೂರು ವರ್ಷಗಳೊಳಗೆ, ಇಲ್ಲವೆ ಕಾಯಿದೆ ಜಾರಿಗೆ ಬಂದ ಒಂದು ವರ್ಷದೊಳಗೆ, ಇವುಗಳಲ್ಲಿ ಯಾವುದು ತರುವಾಯದ್ದೋ ಅದರೊಳಗೆ, ಅರ್ಜಿ ಸಲ್ಲಬೇಕು. ಕರ್ನಾಟಕದ ನಿಗಮವೊಂದರ ನೌಕರನ ವ್ಯಾಜ್ಯದಲ್ಲಿ ಸರ್ವೋಚ್ಚ ನ್ಯಾಯಾಲಯವು ೨೦೨೧ರ ಸೆಪ್ಟೆಂಬರ ೨೧ರಂದು ಇದನ್ನು ಇನ್ನೂ ಬಿಗಿಗೊಳಿಸಿತು: ಬಲವಾದ ಪ್ರಮಾಣವಿದ್ದರೂ ತಿದ್ದುಪಡಿಯು ಹಕ್ಕಲ್ಲ, ವಿಳಂಬವೊಂದೇ ಅರ್ಜಿಯ ನಿರಾಕರಣಕ್ಕೆ ಸಾಕಾಗಬಹುದು.

ಇದರ ಪರಿಣಾಮವು ಚಿಂತನೀಯವಾಗಿದೆ. ಸಕಾಲದಲ್ಲಿ ತಿದ್ದದ ತಪ್ಪು ಕಾಲಕ್ರಮದಲ್ಲಿ ಕಚೇರಿಯ ಮಟ್ಟಿಗೆ ಸತ್ಯವೇ ಆಗಿಬಿಡುತ್ತದೆ. ನಿವೃತ್ತಿಯ ಅಂಚಿನಲ್ಲಿ ವಯಸ್ಸನ್ನು ಇಳಿಸುವವರನ್ನು ತಡೆಯಲು ಈ ಬಿಗಿ ಬೇಕೆಂಬ ವಾದದಲ್ಲಿ ಹುರುಳಿದೆ. ಆದರೆ ಅದೇ ಬಿಗಿಯಿಂದ, ಅಕ್ಷರವರಿಯದ ತಂದೆತಾಯಿಗಳ ಮಗನು ತಾನು ಮಾಡದ ತಪ್ಪಿಗಾಗಿ ಸೇವೆಯ ವರ್ಷಗಳನ್ನು ಕಳೆದುಕೊಳ್ಳುವ ಸಂಭವವೂ ಇದೆ.

೨೦೨೩ರ ಅಕ್ಟೋಬರ ೧ರಿಂದೀಚೆಗೆ ಹುಟ್ಟಿದವರಿಗೆ ಶಾಲಾಪ್ರವೇಶ, ಸರಕಾರಿ ನೇಮಕ ಮೊದಲಾದವುಗಳಲ್ಲಿ ಜನನಪತ್ರವೇ ಆಧಾರವೆಂದು ವಿಧಿಸಲಾಗಿದೆ. ಮುಂದಿನವರಿಗೆ ಇದು ಪರಿಹಾರವಾದೀತು. ಹಿಂದಿನವರ ಪಾಡು ಹಳೆಯ ಪುಸ್ತಕಗಳಲ್ಲಿಯೇ ಉಳಿದಿದೆ. ಅವುಗಳ ವಿಷಯದಲ್ಲಿ ೧೫ನೆಯ ಕಲಮಿನ ಕ್ರಮವು ಗ್ರಂಥಸಂಪಾದಕರಿಗೆ ಪರಿಚಿತವಾದುದೇ. ಮೂಲದ ಬರಹವನ್ನು ಅಳಿಸಲಾಗದು. ಶುದ್ಧಪಾಠವನ್ನು ಅಂಚಿನಲ್ಲಿ ಬರೆದು, ನೋಂದಣಾಧಿಕಾರಿಯು ಸಹಿ ಮಾಡಿ, ತಿದ್ದಿದ ತಾರೀಖನ್ನು ಕಾಣಿಸಬೇಕು. ತಪ್ಪೂ ತಿದ್ದುಪಡಿಯೂ ಒಂದೇ ಪುಟದಲ್ಲಿ ಉಳಿಯುವುದರಿಂದ, ಚರಿತ್ರಕಾರನಿಗೆ ಅಂತಹ ಪುಟವು ಶುದ್ಧವಾದ ಪುಟಕ್ಕಿಂತಲೂ ಹೆಚ್ಚಿನ ಸಂಗತಿಯನ್ನು ತಿಳಿಸುತ್ತದೆ.