ಪುಟ್ಟಕ್ಕನಿಗಿಂತ ಮುಂಚಿನ ಉಮಾಶ್ರೀ

2021ರ ಡಿಸೆಂಬರ್‌ನಾಗ ಜೀ ಕನ್ನಡದಲ್ಲಿ ‘ಪುಟ್ಟಕ್ಕನ ಮಕ್ಕಳು’ ಶುರುವಾಯ್ತು. ಗಂಡ ಕೈಬಿಟ್ಟ ಮೇಲೆ ಮೆಸ್ ನಡೆಸಿ ಮೂರು ಹೆಣ್ಣುಮಕ್ಕಳನ್ನು ಸಾಕುವ ಪುಟ್ಟಕ್ಕ. ಆಕಿ ಅತ್ತರೆ ಕೊಪ್ಪಳದಾಗ ನಮ್ಮವ್ವನೂ ಸೆರಗಿಲೆ ಕಣ್ಣು ಒರೆಸಿಕೊಳ್ತಿದ್ದಳು. ನಾನು ಸಣ್ಣವನಿದ್ದಾಗ ಇದೇ ಅವ್ವ, ಇದೇ ನಟಿ ಟಿವಿಯಾಗ ಬಂದರೆ ‘ಅದನ್ನ ಆರಿಸು ಮೊದಲ’ ಅಂತಿದ್ದಳು. ಇವತ್ತು ಮಾತಾಡೋದು ಈ ಎರಡರ ನಡುವಿನ ದಾರಿ ಬಗ್ಗೆ.

ಉಮಾಶ್ರೀ 1957ರಲ್ಲಿ ತುಮಕೂರು ಜಿಲ್ಲೆಯ ನೊಣವಿನಕೆರೆಯಲ್ಲಿ ಹುಟ್ಟಿದವರು. ಬೆಳೆದದ್ದು ರಂಗಭೂಮಿಯಲ್ಲಿ. ದೇವನೂರ ಮಹಾದೇವರ ‘ಒಡಲಾಳ’ವನ್ನು ಸಿ.ಜಿ. ಕೃಷ್ಣಸ್ವಾಮಿ ರಂಗಕ್ಕೆ ತಂದಾಗ ಸಾಕವ್ವ ಆದವರು ಇವರೇ. ಕಳೆದ ಹುಂಜ ಹುಡುಕುವ ಆ ಮುದುಕಿಯ ಪಾತ್ರವನ್ನು ವಯಸ್ಸಿಗೆ ಮೊದಲೇ ಮಾಡಿದರು. ರಂಗಭೂಮಿಯವರು ಈಗಲೂ ಆ ಸಾಕವ್ವನನ್ನ ನೆನಸ್ತಾರ.

ಆದ್ರ ಸಿನಿಮಾ ಅವರಿಂದ ಕೇಳಿದ್ದೇ ಬೇರೆ. 1984ರಲ್ಲಿ ಕಾಶಿನಾಥರ ‘ಅನುಭವ’ ಬಂತು, ಹೆಸರೂ ಬಂತು. ಆಮೇಲೆ ಎನ್.ಎಸ್. ರಾವ್ ಅಂಥವರ ಜೋಡಿಯಾಗಿ ಹಾಸ್ಯ, ಅದೂ ಎರಡರ್ಥದ ಮಾತಿನ ಹಾಸ್ಯ. ಗವಿಮಠದ ಜಾತ್ರಿಗೆ ಟೆಂಟ್ ಹಾಕುವ ನಾಟಕ ಕಂಪನಿಗಳನ್ನ ಕಂಡ ನಮ್ಮ ಕಡೆಯವರಿಗೆ ಇದು ಹೊಸದೇನಲ್ಲ. ಮಾತು ಬರೆದವ ಒಬ್ಬ, ಸಿಳ್ಳಿ ಹೊಡೆದವರು ನೂರು ಮಂದಿ, ಕೆಟ್ಟ ಹೆಸರು ಮಾತ್ರ ಮಾತಾಡಿದ ಹೆಂಗಸಿಗೆ. ನನಗ ಇದು ಅನ್ಯಾಯ ಅಂತಲೇ ಅನ್ನಿಸ್ತದ. ಪೋಷಕ ನಟಿಗೆ ಪಾತ್ರ ಆರಿಸೋ ಅಧಿಕಾರ ಎಲ್ಲಿತ್ತು? ಬಂದದ್ದು ಮಾಡಬೇಕು, ಮನಿ ನಡೀಬೇಕು.

ನಾಯಕಿಯ ಪಾತ್ರ ಸಿಕ್ಕದ್ದು ಐವತ್ತರ ಹೊತ್ತಿಗೆ. ವೈದೇಹಿಯವರ ಕತೆ ಆಧರಿಸಿ ಗಿರೀಶ್ ಕಾಸರವಳ್ಳಿ ಮಾಡಿದ ‘ಗುಲಾಬಿ ಟಾಕೀಸ್’. ಕರಾವಳಿಯ ಮೀನುಗಾರರ ಊರಿನ ಸೂಲಗಿತ್ತಿ ಗುಲಾಬಿಗೆ ಸಿನಿಮಾ ಹುಚ್ಚು. ಹೆರಿಗೆ ಮಾಡಿಸಿದ್ದಕ್ಕೆ ಆಕೆಗೆ ಟಿವಿ, ಡಿಶ್ ಸಿಗ್ತಾವ. ಅಕ್ಕಪಕ್ಕದ ಹೆಂಗಸರೆಲ್ಲ ಆಕೆಯ ಗುಡಿಸಲಿಗೆ ಬರೋಕೆ ಶುರು ಮಾಡ್ತಾರ. ಈ ಪಾತ್ರಕ್ಕೆ 2007ನೇ ಸಾಲಿನ ರಾಷ್ಟ್ರಪ್ರಶಸ್ತಿ ಬಂತು. ಪೋಷಕ ನಟಿ ಅಂತಲ್ಲ ರೀ, ಅತ್ಯುತ್ತಮ ನಟಿ ಅಂತ.

ನಮ್ಮ ಕಡೆಯವರು ನೋಡಬೇಕಾದ್ದು ಇನ್ನೊಂದು: 2010ರ ‘ಕನಸೆಂಬೋ ಕುದುರೆಯನೇರಿ’. ಕತೆ ರಾಯಚೂರು ಸೀಮೆಯ ಅಮರೇಶ ನುಗಡೋಣಿಯವರದು. ಕುಣಿ ತೋಡುವ ಈರ್ಯಾ ಆಗಿ ವೈಜನಾಥ ಬಿರಾದಾರ, ಹೆಂಡತಿ ರುದ್ರಿಯಾಗಿ ಉಮಾಶ್ರೀ. ಬಿರಾದಾರರೂ ಅಲ್ಲೀತನಕ ಸಣ್ಣ ಸಣ್ಣ ಹಾಸ್ಯ ಪಾತ್ರಗಳಲ್ಲೇ ಸವೆದವರು. ಮಂದಿ ನಕ್ಕು ಮರೆತ ಇಬ್ಬರನ್ನು ಮುಂದೆ ನಿಲ್ಲಿಸಿ ಕಾಸರವಳ್ಳಿ ಒಂದಿಡೀ ಸಿನಿಮಾ ಕಟ್ಟಿದರು.

ನಡುವೆ ರಾಜಕಾರಣ. 2013ರಲ್ಲಿ ತೇರದಾಳದಿಂದ ಗೆದ್ದು ಮಂತ್ರಿಯಾದರು, 2018ರಲ್ಲಿ ಸೋತರು. ಅದು ಬೇರೆ ಸಂಚಿಕೆಯ ಮಾತು. ಸೋತ ಮೇಲೆ ಮತ್ತೆ ಬಣ್ಣ ಹಚ್ಚಿದರು. ಟಿವಿ ನೋಡಲು ಹೆಂಗಸರನ್ನು ಮನೆಗೆ ಕರೆಸಿಕೊಂಡ ಗುಲಾಬಿ, ಈಗ ಪುಟ್ಟಕ್ಕನಾಗಿ ತಾನೇ ಅವರವರ ಮನೆಗೆ ಹೋದಳು.

ಒಮ್ಮೆ ಅವ್ವಗ ಕೇಳಿದೆ: ‘ಅವತ್ತು ಆರಿಸು ಅಂತಿದ್ದೆಲ್ಲ, ಆಕೀನ ಈಕಿ, ಗೊತ್ತೈತೇನು?’

ಟಿವಿಯಿಂದ ಕಣ್ಣು ತೆಗೀಲಿಲ್ಲ. ‘ಆಕಿ ಬ್ಯಾರೆ, ಈಕಿ ಬ್ಯಾರೆ. ಸುಮ್ನ ಕುಂದರು’ ಅಂದಳು.